ಭೋಸರಿಗೆ ಬಂದ ಮೈಲಾರಲಿಂಗ

2024ರ ನವೆಂಬರಿನಲ್ಲಿ ನಮ್ಮ ಕನ್ನಡ ಕ್ಲಾಸಿನ ಮಕ್ಕಳು ಆಡಿದ ಮೈಲಾರಲಿಂಗನ ತೊಗಲುಗೊಂಬೆ ಆಟ ಮುಗಿದ ಮರುದಿನ ಐದಾರು ಜನ ಫೋನ್ ಮಾಡಿದರು. ಎಲ್ಲರದೂ ಒಂದೇ ಪ್ರಶ್ನೆ: "ಮಕ್ಕಳು ಅಷ್ಟು ಚೆನ್ನಾಗಿ ಕನ್ನಡ ಮಾತಾಡಿದವಲ್ಲ, ಏನ್ ಮಾಡಿದ್ರಿ?" ಇವರಲ್ಲಿ ಮೂವರು ಎರಡು ವರ್ಷದ ಹಿಂದೆ "ಇದು ಆಗೋ ಹೋಗೋ ಮಾತಲ್ಲ, ಸುಮ್ನೆ ದುಡ್ಡು ಹಾಳು" ಎಂದವರು. ಹೆಸರು ಬೇಡ. ಫೋನಿನಲ್ಲಿ ಅಷ್ಟೂ ಹೇಳಲು ಆಗಲಿಲ್ಲ, ಅದಕ್ಕೇ ಬರೆಯುತ್ತಿದ್ದೇನೆ. ಗೊಂಬೆಯಾಟದ ಮೊದಲ ಪಾಠ ನಿಮಗೆ ಗೊತ್ತಿದೆ ಎಂದುಕೊಂಡಿದ್ದೇನೆ. ಪರದೆ ಹೇಗೆ ಬಿಗಿಯಬೇಕು, ಬಿದಿರು ಹೇಗೆ ಸೀಳಬೇಕು ಎಂಬುದೆಲ್ಲ ಇಲ್ಲಿಲ್ಲ.

ನನ್ನದು ರಾಣೆಬೆನ್ನೂರು ತಾಲೂಕು, ದೇವರಗುಡ್ಡದ ಹತ್ತಿರದ ಹಳ್ಳಿ. ಪುಣೆ ಹತ್ತಿರದ ಭೋಸರಿಯ ಒಂದು ಕಾರ್ಖಾನೆಯ ಟೂಲ್ ರೂಮಿನಲ್ಲಿ ಹತ್ತೊಂಬತ್ತು ವರ್ಷದಿಂದ ಇದ್ದೇನೆ. 2022ರ ಜನವರಿಯಲ್ಲಿ ಅಲ್ಲೇ ಹತ್ತಿರದ ನಿಗಡಿಯಲ್ಲಿ ಭಾನುವಾರದ ಕನ್ನಡ ಕ್ಲಾಸು ಶುರು ಮಾಡಿದೆ. ಹದಿನಾಲ್ಕೋ ಹದಿನೈದೋ ಮಕ್ಕಳು. ಬೀದರ, ಕಲಬುರಗಿ, ವಿಜಯಪುರ, ಹಾವೇರಿ ಕಡೆಯ ಮನೆಗಳವು. ಅಪ್ಪ ಅಮ್ಮನ ಕನ್ನಡ ಕಿವಿಗೆ ಬೀಳುತ್ತದೆ, ಆದರೆ ಬಾಯಿಂದ ಬರುವುದು ಮರಾಠಿ. ಮೂರನೇ ವಾರವೋ ಏನೋ, ಒಬ್ಬ ಹುಡುಗ ಕೇಳಿಯೇಬಿಟ್ಟ: "ಕಾಕಾ, ಆಪಣ ನಕ್ಕೀ ಕೋಣ? ಕಾನಡೀ ಕೀ ಮರಾಠಿ?" ನಾವು ನಿಜವಾಗಿ ಯಾರು ಅಂತ.

ನಾನು ಮಾಡಿದ ತಪ್ಪು ನೋಡಿ. ಕದಂಬರು, ಚಾಲುಕ್ಯರು, ಜ್ಞಾನಪೀಠ ಎಷ್ಟು ಬಂದಿವೆ ಅಂತ ಮುಕ್ಕಾಲು ಗಂಟೆ ಭಾಷಣ ಬಿಗಿದೆ. ಮುಂದಿನ ಭಾನುವಾರ ಆರು ಮಕ್ಕಳು ಬಂದವು.

ಉತ್ತರ ಸಿಕ್ಕಿದ್ದು ಜೇಜುರಿಯಲ್ಲಿ, ಪುಣೆ ಕಡೆಯ ಮರಾಠಿ ಜನರ ದೇವರು ಖಂಡೋಬಾನ ಕ್ಷೇತ್ರದಲ್ಲಿ. ಅದೇ ವರ್ಷ ಮೇ ಕೊನೆಗೆ ಸೋಮಾವತಿ ಅಮಾವಾಸ್ಯೆ ಬಂತು. ಊರಿಂದ ಬಂದಿದ್ದ ಅವ್ವನನ್ನು ಕರೆದುಕೊಂಡು ಹೋದೆ. ಖಂಡೋಬಾನ ಪಲ್ಲಕ್ಕಿ ಕರ್ಹಾ ನದಿಗೆ ಸ್ನಾನಕ್ಕೆ ಇಳಿಯುವ ದಿನ. ಗುಡ್ಡವೆಲ್ಲ ಹಳದಿ, ಭಂಡಾರ, ಅಂದರೆ ಅರಿಶಿನದ ಪುಡಿ, ಗಾಳಿಯಲ್ಲಿ ಮೋಡದ ಹಾಗೆ. ಜನ "ಯೆಳಕೋಟ ಯೆಳಕೋಟ ಜಯ ಮಲ್ಹಾರ" ಎಂದು ಕೂಗುತ್ತಿದ್ದರು. ಅವ್ವ ಮೆಟ್ಟಿಲ ಮೇಲೆ ನಿಂತುಬಿಟ್ಟಳು. "ಅಯ್ಯ, ಇವರು ನಮ್ಮ ಮೈಲಾರಪ್ಪನ್ನ ಕರೀಲಿಕ್ಕತ್ತಾರಲ್ಲೊ! ಏಳುಕೋಟಿ ಅಂತಾರ!" ಅಷ್ಟು ವರ್ಷದಲ್ಲಿ ಹತ್ತು ಸಲ ಜೇಜುರಿಗೆ ಹೋದವನು ನಾನು. ನನ್ನ ತಲೆಗೆ ಹೊಳೆದಿರಲಿಲ್ಲ. ಪುಣೆಯಲ್ಲೇ ಇದ್ದ ರಾ. ಚಿಂ. ಢೇರೆಯವರಂಥ ಸಂಶೋಧಕರು ಮೈಲಾರ ಮತ್ತು ಖಂಡೋಬಾ ನಂಟಿನ ಬಗ್ಗೆ ಬಹಳ ಹಿಂದೆಯೇ ಬರೆದಿದ್ದಾರೆ ಎಂಬುದೂ ಆಮೇಲೆ ತಿಳಿಯಿತು. ಓದಿದವರಿಗೆ ಗೊತ್ತಿತ್ತು, ಓದದ ಅವ್ವನಿಗೂ ಗೊತ್ತಿತ್ತು. ನಡುವೆ ಇದ್ದ ನನಗೆ ಮಾತ್ರ ಗೊತ್ತಿರಲಿಲ್ಲ.

ಮಣಿ, ಮಲ್ಲ ಎಂಬ ರಾಕ್ಷಸರನ್ನು ಕೊಲ್ಲಲು ಏಳು ಕೋಟಿ ಸೈನ್ಯ ಕಟ್ಟಿಕೊಂಡು ಹೊರಟ ಮಾರ್ತಾಂಡ ಭೈರವನ (ಇದೇ ಮೈಲಾರನ) ಕತೆ ಎರಡೂ ಕಡೆ ಒಂದೇ. ಲಕ್ಷಗಟ್ಟಲೆ ಮರಾಠಿ ಜನ ಗಂಟಲು ಹರಿಯುವ ಹಾಗೆ ಕನ್ನಡದ ಎರಡು ಪದ ಕೂಗುತ್ತಿದ್ದಾರೆ. ಆ ಹುಡುಗನಿಗೆ ಇದನ್ನು ಹೇಳಬಾರದು, ಮಾಡಿ ತೋರಿಸಬೇಕು ಅನ್ನಿಸಿತು. ಬಸ್ಸಿನಲ್ಲಿ ಬರುವಾಗಲೇ ತೊಗಲುಗೊಂಬೆ ಎಂದು ನಿರ್ಧಾರ ಮಾಡಿದೆ.

ರಾಜ್ಯೋತ್ಸವಕ್ಕೆ ಈ ಆಟ ಇಡೋಣ ಎಂದು ಒಂದು ಸಂಘದವರ ಮುಂದೆ ಹೇಳಿದೆ. ನಕ್ಕರು. "ನವೆಂಬರ್ ಒಂದಕ್ಕೆ ಖಂಡೋಬಾ ಯಾಕ್ರೀ? ಅದು ಅವರ ದೇವರು. ಕಿತ್ತೂರು ಚೆನ್ನಮ್ಮ ಮಾಡಿಸಿ, ಇಲ್ಲಾಂದ್ರೆ ಫ್ಯಾನ್ಸಿ ಡ್ರೆಸ್ ಇಡಿ." ಮರಾಠಿ ಸಂತ ಜ್ಞಾನೇಶ್ವರರೇ ವಿಠ್ಠಲನನ್ನು ಕಾನಡಾ, ಅಂದರೆ ಕನ್ನಡದವನು ಅಂದಿದ್ದಾರೆ, ಅವರಿಗೆ ಇಲ್ಲದ ಸಂಕೋಚ ನಮಗ್ಯಾಕೆ ಎಂದೆ. ಚಹಾ ಬಂತು, ವಿಷಯ ಬದಲಾಯಿತು.

ಇನ್ನು ಗೊಂಬೆಯ ಕತೆ. ಮೊದಲ ವರ್ಷ ತೊಗಲಿನ ತಂಟೆಗೆ ಹೋಗಲಿಲ್ಲ. ಗುಜರಿಯಲ್ಲಿ ಹಳೆಯ ಎಕ್ಸ್‌ರೇ ಹಾಳೆ ಕಿಲೋ ಲೆಕ್ಕದಲ್ಲಿ ಸಿಕ್ಕವು. ಬ್ಲೀಚ್ ಹಾಕಿ ತೊಳೆದರೆ ಪಾರದರ್ಶಕ ಆಗುತ್ತವೆ. ಕತ್ತರಿಸುವುದು ಸುಲಭ, ಗ್ಲಾಸ್ ಪೇಂಟ್ ಹಚ್ಚಿದರೆ ಆಯಿತು ಎಂದುಕೊಂಡೆ. ಆದರೆ ಎಕ್ಸ್‌ರೇ ಹಾಳೆಗೆ ಒಂದು ನೀಲಿ ಛಾಯೆ ಇರುತ್ತದೆ, ಅದು ಹೋಗುವುದಿಲ್ಲ. ಪರದೆ ಮೇಲೆ ಮೈಲಾರಲಿಂಗ ನೀಲಿ, ಹೆಂಡತಿ ಮ್ಹಾಳಸಾ ನೀಲಿ, ಕುದುರೆಯೂ ನೀಲಿ. ಎಲ್ಲರೂ ಕೃಷ್ಣನ ಬಳಗ! ಸಾಲದ್ದಕ್ಕೆ 500 ವ್ಯಾಟಿನ ಹ್ಯಾಲೊಜನ್ ಇಟ್ಟಿದ್ದೆ. ಹತ್ತು ನಿಮಿಷಕ್ಕೆ ಗೊಂಬೆಗಳು ಹಪ್ಪಳದ ಹಾಗೆ ಸುರುಳಿಯಾದವು, ಬಣ್ಣ ಚಕ್ಕೆ ಚಕ್ಕೆಯಾಗಿ ಉದುರಿತು. 2022ರ ನವೆಂಬರಿನ ಆ ಆಟಕ್ಕೆ ಬಂದವರು ನಲವತ್ತು ಜನ, ಕೊನೆಗೆ ಉಳಿದವರು ಹನ್ನೆರಡು. ಅದರಲ್ಲಿ ನನ್ನ ಮನೆಯವರೇ ನಾಲ್ಕು.

ಮುಂದಿನ ಬೇಸಿಗೆಯಲ್ಲಿ ಎರಡು ವಾರ ರಜೆ ಹಾಕಿ ಗಂಗಾವತಿ ಕಡೆ ಒಬ್ಬ ಹಿರಿಯ ಕಲಾವಿದರ ಮನೆಗೆ ಹೋದೆ. ಗೊಂಬೆರಾಮರು, ಕಿಳ್ಳೇಕ್ಯಾತರು ಎನ್ನುತ್ತಾರಲ್ಲ, ಆ ಮನೆತನ. ಮೊದಲ ದಿನ ಗೊಂಬೆ ಮುಟ್ಟಲೂ ಬಿಡಲಿಲ್ಲ. ಪೆಟ್ಟಿಗೆ ತೆರೆದು ಗಣಪತಿಗೆ ಊದಿನಕಡ್ಡಿ ಹಚ್ಚಿ ಮತ್ತೆ ಮುಚ್ಚಿದರು. ಎರಡನೇ ದಿನ ಮೊಮ್ಮಗ ಒದ್ದೆ ಕೈಯಲ್ಲಿ ತೊಗಲು ಹಿಡಿದ. ಅಜ್ಜ ಬೈದರು. ನಾನು ತಟ್ಟನೆ ತಿರುಗಿ ನೋಡಿದೆ. ಬೈದದ್ದು ನನಗೆ ಪೂರ್ತಿ ಅರ್ಥವಾಗಿತ್ತು, ಆದರೆ ಅದು ಕನ್ನಡವಲ್ಲ! ಮರಾಠಿಯ ಹಾಗೇ ಇದ್ದ ಏನೋ ಒಂದು ಮಾತು. ಕೇಳಿದರೆ ಅಜ್ಜ ನಕ್ಕರು. "ಮನ್ಯಾಗ ಇದ ಮಾತ್ರಿ ನಮ್ದು. ಪರದೆ ಹಿಂದ ಕುಂತ್ರ ಕನ್ನಡ."

ಆ ರಾತ್ರಿ ನಿದ್ದೆ ಬರಲಿಲ್ಲ. ಮನೆಯಲ್ಲಿ ಮರಾಠಿಯ ಒಂದು ಬಗೆ ಆಡುವ ಜನ ತಲೆಮಾರುಗಳಿಂದ ನಮಗೆ ಕನ್ನಡದಲ್ಲಿ ರಾಮಾಯಣ ತೋರಿಸಿದ್ದಾರೆ. ಅಲ್ಲಿ ಜೇಜುರಿಯಲ್ಲಿ ಮರಾಠಿಯವರು ಕನ್ನಡದ ಕೂಗು ಹಾಕುತ್ತಾರೆ. ಇಷ್ಟೆಲ್ಲ ಇರುವಾಗ ನಾನು ಆ ಹುಡುಗನಿಗೆ ಒಂದೇ ಪದದಲ್ಲಿ ಉತ್ತರ ಕೊಡಲು ಹೊರಟಿದ್ದೆನಲ್ಲ. 2025ರಲ್ಲಿ ಕೊಪ್ಪಳ ಜಿಲ್ಲೆ ಮೋರನಾಳದ ಭೀಮವ್ವ ಶಿಳ್ಳೇಕ್ಯಾತರ ಅವರಿಗೆ ಪದ್ಮಶ್ರೀ ಬಂತು. ಹಿಂದೆ ನನ್ನನ್ನು ನೋಡಿ ನಕ್ಕವರೇ ಆ ಸುದ್ದಿಯನ್ನು ನನಗೆ ಫಾರ್ವರ್ಡ್ ಮಾಡಿದರು. ನಾನು ಬರೀ ಒಂದು ಹೆಬ್ಬೆರಳು ಕಳಿಸಿದೆ.

ತೊಗಲು ಎಲ್ಲಿ ತರುತ್ತೀರಿ ಎಂದು ಎಲ್ಲರೂ ಕೇಳುತ್ತಾರೆ. ಇದನ್ನು ಹೇಳುತ್ತೇನೆ. ಪುಣೆಯ ಗಣೇಶೋತ್ಸವಕ್ಕೆ ಢೋಲ್ ತಾಶಾ ಬಾರಿಸುವ ತಂಡಗಳು, ಅಂದರೆ ಪಥಕಗಳು, ಬೇಕೇ ಬೇಕು. ಆ ಢೋಲಿಗೆ ಕಟ್ಟುವ ಮೇಕೆಯ ಹದ ಮಾಡದ ತೊಗಲು ಇದೆಯಲ್ಲ, ಅದೇ. ಕೂದಲು ತೆಗೆದೇ ಸಿಗುತ್ತದೆ. ಬೆಳಕಿಗೆ ಹಿಡಿದರೆ ಜೇನಿನ ಬಣ್ಣ. 2023ರಲ್ಲಿ ಒಂದಕ್ಕೆ ಏಳುನೂರು, ಎಂಟುನೂರು ಇತ್ತು. ಜುಲೈ ಆಗಸ್ಟಿನಲ್ಲಿ ಮಾತ್ರ ಕೇಳಬೇಡಿ, ಪಥಕದವರೇ ಎಲ್ಲಾ ಎತ್ತಿಕೊಂಡು ಹೋಗುತ್ತಾರೆ, ರೇಟು ಡಬಲ್. ಒಂಬತ್ತು ತಂದೆ, ನಾಲ್ಕು ಹಾಳಾದವು. ಎರಡಕ್ಕೆ ಮಳೆಗಾಲದ ಬೂಷ್ಟು. ಒಂದನ್ನು ಬಕೆಟ್ಟಿನಲ್ಲಿ ನೆನೆಹಾಕಿ ನೈಟ್ ಶಿಫ್ಟಿಗೆ ಹೋಗಿ ಮರೆತೆ. ಮೂರನೇ ದಿನ ಸೊಸೈಟಿಯಿಂದ ನೋಟಿಸು ಬಂತು, ವಾಸನೆ ಯಾವ ಫ್ಲಾಟಿನದು ಅಂತ. ಹೆಂಡತಿ ಒಂದು ಷರತ್ತು ಹಾಕಿದಳು: ತೊಗಲು ಮನೆಯೊಳಗೆ ಬಂದರೆ ನಾನು ಹೊರಗೆ. ಅಂದಿನಿಂದ ಒಬ್ಬ ಪರಿಚಯದ ವೆಲ್ಡರನ ಶೆಡ್ಡಿನ ಮಾಡಿನ ಮೇಲೆ ಒಣಗಿಸುತ್ತೇನೆ.

ತೂತು ಕೊರೆಯುವ ಉಳಿಗಳ ವಿಷಯದಲ್ಲಿ ಸ್ವಲ್ಪ ಜಂಬ ಕೊಚ್ಚಿಕೊಳ್ಳುತ್ತೇನೆ. ಮುರಿದ ಡ್ರಿಲ್ ಬಿಟ್ಟುಗಳನ್ನು ಗ್ರೈಂಡ್ ಮಾಡಿ ಒಂದು ಮಿಲಿಮೀಟರಿನಿಂದ ಆರರವರೆಗೆ ಹನ್ನೊಂದು ಅಳತೆ ಮಾಡಿಕೊಂಡಿದ್ದೇನೆ. ಕೆಳಗೆ ಹುಣಸೆ ದಿಮ್ಮಿ, ಅಡ್ಡ ಕೊಯ್ದ ಮುಖ ಮೇಲೆ. ನನ್ನ ಉಳಿ ಬಿಟ್ಟ ತೂತಿನ ಅಂಚಿನಲ್ಲಿ ಒಂದು ಎಳೆಯೂ ನಿಲ್ಲುವುದಿಲ್ಲ. ಗಂಗಾವತಿಯ ಅಜ್ಜ ಎರಡು ಉಳಿ ಇಸಿದುಕೊಂಡರು, ವಾಪಸ್ ಕೊಡಲಿಲ್ಲ. ನನಗೆ ಸಿಕ್ಕ ಸರ್ಟಿಫಿಕೇಟು ಅದು. ಮ್ಹಾಳಸಾಳ ಸೀರೆಯ ಸೆರಗಿನಲ್ಲೇ ಸುಮಾರು ಒಂಬೈನೂರು ತೂತುಗಳಿವೆ. ಹಿಂದಿನಿಂದ ಬೆಳಕು ಬಂದಾಗ ಜರಿ ಮಿಂಚಿದ ಹಾಗೆ ಕಾಣುತ್ತದೆ.

ಬೆಳಕು ಎಲ್‌ಇಡಿ ಬೇಡ, ನಾನು ಹಾಳು ಮಾಡಿಕೊಂಡಿದ್ದೇನೆ. ಬಿಳಿ ಬೆಳಕಿಗೆ ತೊಗಲು ಸತ್ತ ಹಾಗೆ ಕಾಣುತ್ತದೆ. ಹಳೆಯ 200 ವ್ಯಾಟಿನ ಹಳದಿ ಬಲ್ಬು, ಹಾಲಿನ ಪುಡಿಯ ಡಬ್ಬಿಯಲ್ಲಿ ಕೂರಿಸಿ, ಪರದೆಯಿಂದ ಒಂದೂವರೆ ಅಡಿ ಹಿಂದೆ. ಎಣ್ಣೆ ದೀಪ ಅಲುಗಿದ ಹಾಗೆ ಕಾಣಲು ಅದರ ಮುಂದೆ ಒಂದು ಸಣ್ಣ ಏರ್ಪಾಡು ಮಾಡಿದ್ದೇನೆ. ಅದು ಮತ್ತು ಮೈಲಾರಲಿಂಗನ ಕುದುರೆಯ ಜೀನಿನ ಕೆಂಪು ಬಣ್ಣ, ಇವೆರಡನ್ನು ಇಲ್ಲಿ ಹೇಳುವುದಿಲ್ಲ. ಪರದೆ ಹಿಂದೆ ಬಂದು ಕೂತವರಿಗೆ ತಾನಾಗಿ ಕಾಣುತ್ತದೆ.

ಗೊಂಬೆ ಆಯಿತು. ಆದರೂ 2023ರ ಆಟ ಅರ್ಧವೇ ಗೆದ್ದಿತು. ನೋಡಲು ಚೆಂದ ಇತ್ತು, ಮಾತು ಸತ್ತಿತ್ತು. ಕಾರಣ, ಸಂಭಾಷಣೆ ನಾನು ಬರೆದಿದ್ದೆ. "ಎಲೈ ದುಷ್ಟನೇ" ಎಂದು ಶುರುವಾಗುವಂಥದ್ದು. ಮಕ್ಕಳು ಅದನ್ನು ಮರಾಠಿ ಲಿಪಿಯಲ್ಲಿ ಬರೆದುಕೊಂಡು ಗಿಳಿಯ ಹಾಗೆ ಒಪ್ಪಿಸಿದವು.

ಯುದ್ಧ ಬಿಟ್ಟು ಜಗಳಕ್ಕೆ ಬಂದ ಮೇಲೆ ಎಲ್ಲಾ ಬದಲಾಯಿತು. ಖಂಡೋಬಾನಿಗೆ ಇಬ್ಬರು ಹೆಂಡಿರು ಅಲ್ವಾ? ಮ್ಹಾಳಸಾ ಲಿಂಗಾಯತ ವಾಣಿಯ ಮಗಳು, ಬಾಣಾಯಿ ಕುರುಬರ ಹುಡುಗಿ. ಮ್ಹಾಳಸಾ ಜೊತೆ ಪಗಡೆಯಲ್ಲಿ ಸೋತು ದೇವರು ಹನ್ನೆರಡು ವರ್ಷ ಮನೆ ಬಿಡುತ್ತಾನೆ, ಮುದುಕನ ವೇಷದಲ್ಲಿ ಬಾಣಾಯಿ ಅಪ್ಪನ ಕುರಿ ಕಾಯುತ್ತಾನೆ. ಕುರಿ ತೊಳೆಯಲು ಹೋಗಿ ಇಡೀ ಹಿಂಡನ್ನು ಕೊಂದುಹಾಕುತ್ತಾನೆ, ಮಗಳನ್ನು ಕೊಟ್ಟರೆ ಬದುಕಿಸುತ್ತೇನೆ ಎನ್ನುತ್ತಾನೆ. ನಮ್ಮ ಕಡೆ ಹೆಸರು ಬೇರೆ, ಗಂಗಿಮಾಳವ್ವ, ಕುರುಬತ್ತೆವ್ವ. ಜಗಳ ಮಾತ್ರ ಅದೇ. ಜೇಜುರಿಯಲ್ಲಿ ಇವತ್ತಿಗೂ ಮ್ಹಾಳಸಾ ಮೇಲೆ ದೇವರ ಪಕ್ಕದಲ್ಲಿ, ಬಾಣಾಯಿ ಗುಡ್ಡದ ಅರ್ಧದಲ್ಲಿ.

ಮಕ್ಕಳಿಗೆ ಹೇಳಿದೆ: "ನಾನು ಬರೆಯೋದಿಲ್ಲ. ನಿಮ್ಮ ಅಜ್ಜಿಗೆ ಫೋನ್ ಮಾಡಿ, ಇಬ್ಬರು ಸವತಿಯರು ಹೇಗೆ ಬೈದಾಡ್ತಾರೆ ಕೇಳಿ." ನನ್ನ ಇಡೀ ವಿಧಾನ ಇಷ್ಟೇ. ಸ್ಪೀಕರ್ ಹಾಕಿ ರೆಕಾರ್ಡ್ ಮಾಡಿಕೊಂಡು ಬಂದವು. ಅಜ್ಜಿಯರು ಮೊದಲು ನಾಚಿಕೊಂಡರಂತೆ, ಆಮೇಲೆ ಫೋನ್ ಇಡಲೇ ಒಪ್ಪಲಿಲ್ಲ. ಸಿಂದಗಿ ಕಡೆಯ ಅಜ್ಜಿಯ ಮಾತು ಹಾಗೇ ಪರದೆಗೆ ಬಂತು: "ಕುರಿ ಹಿಕ್ಕಿ ಬಳಿಯಾಕಿ, ನನ್ನ ಗಂಡನ ಕುದುರಿ ಮ್ಯಾಲ ಕುಂಡ್ರತೀಯೇನ?" ಅದಕ್ಕೆ ರಾಣೆಬೆನ್ನೂರಿನ ಅಜ್ಜಿಯ ಉತ್ತರ: "ನಿನ್ನ ಗಂಡ ನಮ್ಮಪ್ಪನ ದಡ್ಡ್ಯಾಗ ಹನ್ನೆರಡು ವರ್ಷ ಕುರಿ ಕಾಯ್ದಾನ, ಮೊದಲ ಅವನ ಪಗಾರ ಎಣಿಸಿಕೋ ಹೋಗ!" ಈ ಮಾತು ಎರಡು ಬೇರೆ ಊರಿನ, ಒಬ್ಬರನ್ನೊಬ್ಬರು ನೋಡದ ಮುದುಕಿಯರದು. ಭಾಲ್ಕಿ ಕಡೆಯ ಹುಡುಗ ನಮ್ಮಲ್ಲಿ ಅವನು ಮಲ್ಲಣ್ಣ ಎಂದ. ನಾನು ಮಾಲತೇಶ ಎಂದೆ. ಯಾವುದು ಸರಿ ಎಂದು ಮಕ್ಕಳೇ ಒಂದು ಗಂಟೆ ಜಗಳ ಆಡಿದವು, ಕನ್ನಡದಲ್ಲಿ. ತೀರ್ಪು ಕೊಡಲಿಲ್ಲ. ಕೊಟ್ಟಿದ್ದರೆ ಜಗಳ ಅಲ್ಲೇ ನಿಲ್ಲುತ್ತಿತ್ತು.

ನಾಲ್ಕು ತಿಂಗಳಲ್ಲಿ ನನ್ನ ನೋಟ್‌ಬುಕ್ಕಿನಲ್ಲಿ ನಾನೂರರ ಹತ್ತಿರ ಹೊಸ ಪದ ಸೇರಿದವು, ಅರ್ಧಕ್ಕರ್ಧ ಬೈಗುಳ. ಒಬ್ಬ ತಾಯಿ ಫೋನ್ ಮಾಡಿ ಬೇಸರ ಮಾಡಿಕೊಂಡರು: "ಸರ್, ಮಗಳು ನನಗೇ ‘ನಿನ್ನ ಬಾಯಾಗ ಮಣ್ಣ ಹಾಕ’ ಅಂತಾಳೆ." ಉಚ್ಚಾರ ಸರಿ ಇದೆಯಾ ಎಂದು ಕೇಳಿದೆ. ಆ ಮಗು ಎರಡು ವಾರ ಬರಲಿಲ್ಲ, ಆಮೇಲೆ ಬಂತು.

ಗೊಂಬೆಯ ಅಳತೆಯಲ್ಲೂ ಒಂದು ರಾಮಾಯಣ. ತೊಗಲುಗೊಂಬೆಯಲ್ಲಿ ಯೋಗ್ಯತೆಗೆ ತಕ್ಕ ಗಾತ್ರ, ನಿಮಗೆ ಗೊತ್ತೇ ಇದೆ. ದೇವರು, ರಾಜ ದೊಡ್ಡವರು, ಆಳು ಸಣ್ಣವನು. ಅದೇ ಲೆಕ್ಕದಲ್ಲಿ ಬಾಣಾಯಿಯನ್ನು ಮ್ಹಾಳಸಾಗಿಂತ ಒಂದು ಗೇಣು ಚಿಕ್ಕದು ಮಾಡಿದ್ದೆ. ಕುರುಬರ ಮನೆಯ ಹುಡುಗಿ, ಹತ್ತು ವರ್ಷದವಳು, ಎರಡೂ ಗೊಂಬೆ ಪಕ್ಕ ಪಕ್ಕ ಹಿಡಿದು ಕೇಳಿದಳು: "ನಮ್ಮಾಕಿ ಯಾಕ ಸಣ್ಣಾಕಿ?" ಸಂಪ್ರದಾಯ ಎಂದೆ. ಅವಳು ಗೊಂಬೆ ಕೆಳಗಿಟ್ಟು ಮೂಲೆಯಲ್ಲಿ ಹೋಗಿ ಕೂತಳು. ಇನ್ನೊಂದು ತೊಗಲು, ಇನ್ನೊಂದು ಎಂಟುನೂರು, ಮೂರು ಭಾನುವಾರ. ಈಗಿನ ಬಾಣಾಯಿ ಮ್ಹಾಳಸಾಗಿಂತ ಒಂದು ಬೆರಳು ಎತ್ತರ ಇದ್ದಾಳೆ. ಕಮಿಟಿಯವರು ಯಾರೂ ಅಳತೆ ಪಟ್ಟಿ ತಂದಿರಲಿಲ್ಲ, ಪುಣ್ಯ.

ನಡುವೆ ಹುಚ್ಚಾಟಗಳೂ ನಡೆದವು. ಸಿಂಧುದುರ್ಗದ ಪಿಂಗುಳಿಗೆ ಹೋಗಿ ಠಾಕರ ಸಮಾಜದವರ ಚಿತ್ರಕಥಿ ನೋಡಿ ಬಂದೆ. ಕಾಗದದ ಮೇಲೆ ಬರೆದ ಚಿತ್ರಗಳನ್ನು ಒಂದೊಂದಾಗಿ ತೋರಿಸುತ್ತಾ ಕತೆ ಹಾಡುತ್ತಾರೆ. ಅವರಲ್ಲೂ ತೊಗಲುಗೊಂಬೆ ಇದೆ. ಪರಶುರಾಮ ಗಂಗಾವಣೆಯವರಿಗೆ 2021ರಲ್ಲಿ ಪದ್ಮಶ್ರೀ ಬಂದದ್ದು ಈ ಕಲೆಗೇ. ನಾನೂ ಇಪ್ಪತ್ತು ಹಾಳೆ ಬರೆದು ಪ್ರಯತ್ನಿಸಿದೆ. ಮಕ್ಕಳಿಗೆ ಕೈಯಲ್ಲಿ ಕುಣಿಸಲು ಏನೂ ಇಲ್ಲ, ಬೇಸರವಾಯಿತು. ಹಾಳೆಗಳು ಅಟ್ಟದ ಮೇಲಿವೆ.

ಮೈಲಾರನ ಭಕ್ತರಾದ ಗೊರವರ ವೇಷವೂ ಮಾಡಿದೆವು. ಕರಿ ಕಂಬಳಿ, ಕರಡಿ ಕೂದಲಿನ ಟೋಪಿ ಬದಲು ಹಳೆಯ ಫರ್ ಜಾಕೆಟ್ಟಿನ ತುಂಡು, ಕೈಯಲ್ಲಿ ಡಮರು. ಮೇ ತಿಂಗಳ ಪುಣೆ, ಒಬ್ಬ ಹುಡುಗ ತಲೆ ಸುತ್ತಿ ಕೂತ. ಆದರೆ ಮೈಲಾರನ ನಾಯಿಗಳಾಗಿ ಬೊಗಳುವ ವಗ್ಗಯ್ಯಗಳ ಆಟ ಎಲ್ಲರಿಗೂ ಇಷ್ಟವಾಯಿತು, ಅದನ್ನು ಉಳಿಸಿಕೊಂಡೆ. ಖಂಡೋಬಾನ ಭಕ್ತರ ವಾಘ್ಯಾ ಮುರಳಿಯ ಹಾಡು ಸೇರಿಸಬೇಕೆಂದಿದ್ದೆ. ದೊಡ್ಡ ಹುಡುಗಿಯೊಬ್ಬಳು ಮುರಳಿ ಅಂದರೆ ಯಾರು ಎಂದಳು. ಹೆಣ್ಣುಮಕ್ಕಳನ್ನು ದೇವರಿಗೆ ಬಿಡುತ್ತಿದ್ದ ಪದ್ಧತಿ, ಕಾನೂನು ಅದನ್ನು ನಿಷೇಧಿಸಿದೆ ಎಂದು ಇದ್ದದ್ದನ್ನು ಇದ್ದ ಹಾಗೆ ಹೇಳಿದೆ. "ಹಾಂಗಿದ್ರ ಆ ಹಾಡು ಬ್ಯಾಡ" ಎಂದಳು. ಬಿಟ್ಟೆವು. ನಮ್ಮದು ಎಂದ ಮಾತ್ರಕ್ಕೆ ಎಲ್ಲವನ್ನೂ ಹೊತ್ತುಕೊಳ್ಳಬೇಕಾಗಿಲ್ಲ ಅಲ್ವಾ.

ದುಡ್ಡಿನ ಲೆಕ್ಕ. ಮೂರು ವರ್ಷಕ್ಕೆ ನಲವತ್ತೈದು ಸಾವಿರದ ಆಸುಪಾಸು ಹೋಗಿದೆ. ತೊಗಲಿಗೆ ಹನ್ನೆರಡು, ಗಂಗಾವತಿ ಮತ್ತು ಪಿಂಗುಳಿ ತಿರುಗಾಟಕ್ಕೆ ಹತ್ತು, ಅಜ್ಜನಿಗೆ ಕೊಟ್ಟದ್ದು ಐದು, ಕಡಿಮೆಯೇ ಆಯಿತು. ಉಳಿದದ್ದು ಪರದೆ, ಬಣ್ಣ, ಮೈಕ್ ಬಾಡಿಗೆ, ಮಕ್ಕಳ ವಡಾಪಾವ್. ವಡಾಪಾವಿನದೇ ನಾಲ್ಕೈದು ಸಾವಿರ ಇರಬೇಕು. ಬಂದದ್ದು? ಮೊದಲ ವರ್ಷ ಒಂದು ಶಾಲು ಮತ್ತು ತೆಂಗಿನಕಾಯಿ. ಎರಡನೇ ವರ್ಷ ಮೂರು ಸಾವಿರ. ಮೂರನೇ ವರ್ಷ ತಟ್ಟೆ ಹಿಡಿದು ಓಡಾಡಿದ್ದಕ್ಕೆ ಹದಿನೆಂಟು ಸಾವಿರ ಚಿಲ್ಲರೆ. ಒಂದು ಕಡೆ ಐದು ಸಾವಿರ ಕೊಡುತ್ತೇವೆಂದು ಸ್ಟೇಜ್ ಮೇಲೆ ಘೋಷಿಸಿದರು, ಇನ್ನೂ ಬರುತ್ತಲೇ ಇದೆ.

ಮೂರನೇ ವರ್ಷದ ಆಟದ ದಿನ ಹಾಲ್‌ನಲ್ಲಿ ಇನ್ನೂರೈವತ್ತು ಜನ, ಅಷ್ಟೂ ಜನರ ಗದ್ದಲ. ಊಟದ ವಾಸನೆ ಬೇರೆ ಬರುತ್ತಿತ್ತು. ನಿರೂಪಕರು ನಾಲ್ಕು ಸಲ ಶಾಂತಿ ಶಾಂತಿ ಎಂದರು, ಯಾರು ಕೇಳುತ್ತಾರೆ? ಮೈಲಾರದ ಜಾತ್ರೆಯಲ್ಲಿ ಭವಿಷ್ಯ ನುಡಿಯುವ ಕಾರಣಿಕ ನೋಡಿದವರಿಗೆ ಗೊತ್ತು. ಗೊರವಯ್ಯ ಬಿಲ್ಲು ಏರಿ ಮೇಲೆ ನಿಂತು ಒಂದೇ ಮಾತು ಕೂಗುತ್ತಾನೆ, ಲಕ್ಷಾಂತರ ಜನ ಗಪ್ಪಾಗುತ್ತಾರೆ. ದೀಪ ಆರಿಸಿದೆವು. ನಮ್ಮ ಪ್ರಶ್ನೆಯ ಹುಡುಗ ಕಂಬಳಿ ಹೊದ್ದು ಸ್ಟೂಲಿನ ಮೇಲೆ ನಿಂತು ಗಂಟಲು ಕಿತ್ತು ಬರುವ ಹಾಗೆ ಕೂಗಿದ: "ಸದ್ದಲೇ!"

ಹಿಂದಿನ ಸಾಲಿನಲ್ಲಿದ್ದ ಹಾವೇರಿ, ಬಳ್ಳಾರಿ ಕಡೆಯ ಕಟ್ಟಡ ಕೆಲಸದವರು ಮೊದಲು ಸುಮ್ಮನಾದರು. ಅವರಲ್ಲೊಬ್ಬ ಟೋಪಿ ತೆಗೆದ. ಆಮೇಲೆ ಇಡೀ ಹಾಲ್ ಸ್ತಬ್ಧ. ಪರದೆ ಹಿಂದೆ ನನ್ನ ಕೈ ನಡುಗುತ್ತಿತ್ತು, ಗೊಂಬೆಯ ಕೋಲು ಪರದೆಗೆ ತಾಗಿ ಟಕ್ ಟಕ್ ಸದ್ದಾಯಿತು. ಜಗಳದ ದೃಶ್ಯ ಆರು ನಿಮಿಷದ್ದು, ನಗು ನಿಲ್ಲದೆ ಹತ್ತು ನಿಮಿಷ ಹಿಡಿಯಿತು. ಕೊನೆಗೆ ಮಕ್ಕಳು "ಏಳುಕೋಟಿ ಏಳುಕೋಟಿಗೋ" ಎಂದಾಗ ಹಿಂದಿನ ಸಾಲು "ಚಾಂಗಮಲೋ" ಎಂದಿತು. ಅಡುಗೆಗೆ ಬಂದಿದ್ದ ಮರಾಠಿ ಹೆಂಗಸರು ಬಾಗಿಲಲ್ಲಿ ನಿಂತು "ಜಯ ಮಲ್ಹಾರ" ಎಂದರು. ಇದನ್ನು ನಾನು ಬರೆದಿರಲಿಲ್ಲ, ಕಲಿಸಿಯೂ ಇರಲಿಲ್ಲ.

ಡಿಸೆಂಬರಿನಲ್ಲಿ ಚಂಪಾಷಷ್ಠಿ ಕಳೆದ ಮರುದಿನ ಮಕ್ಕಳನ್ನೆಲ್ಲ ಜೇಜುರಿಗೆ ಕರೆದೊಯ್ದೆ, ಟೆಂಪೋ ಬಾಡಿಗೆ ನಾಲ್ಕೂವರೆ ಸಾವಿರ. ಆ ಹುಡುಗ ಮೇಲೆ ಹಿತ್ತಾಳೆ ಹೊದಿಸಿದ ದೊಡ್ಡ ಆಮೆಯ ಹತ್ತಿರ ನಿಂತು "ಏಳುಕೋಟಿ" ಎಂದು ಕೂಗಿದ. ಪಕ್ಕದ ಮುದುಕರೊಬ್ಬರು ಪ್ರೀತಿಯಿಂದಲೇ ತಿದ್ದಿದರು: "ಯೆಳಕೋಟ ಮ್ಹಣ, ಬಾಳಾ." ಇವನು ಮರಾಠಿಯಲ್ಲಿ ಶುರು ಮಾಡಿದ, ಏಳು ಅಂದರೆ ಸಾತ್, ಅದು ಕನ್ನಡ, ನಮ್ಮ ಅಜ್ಜಿ ಹೀಗೇ ಹೇಳೋದು. ಮುದುಕರು ಸ್ವಲ್ಪ ಹೊತ್ತು ಯೋಚಿಸಿದರು. "ಸಾತ್ ಕೋಟಿ?" ಎಂದು ತಮ್ಮಷ್ಟಕ್ಕೇ ಅಂದುಕೊಂಡು ಅವನ ತಲೆ ಮೇಲೆ ಒಂದು ಮುಷ್ಟಿ ಭಂಡಾರ ಸುರಿದರು. ಇವನು ಕೆಮ್ಮುತ್ತಾ ಇಳಿದು ಬಂದ. ತನ್ನ ಹಳೆಯ ಪ್ರಶ್ನೆಯನ್ನು ಮತ್ತೆ ಕೇಳಲಿಲ್ಲ, ನಾನೂ ನೆನಪಿಸಲಿಲ್ಲ.

ಈ ಸಲ ಕುರಿ ತೊಳೆಯುವ ದೃಶ್ಯವನ್ನು ದೊಡ್ಡದು ಮಾಡುತ್ತಿದ್ದೇವೆ. ಹಿಂಡು ಎಂದು ಕಾಣಬೇಕಾದರೆ ಮೂವತ್ತು ಕುರಿಯಾದರೂ ಬೇಕು, ಆಗಿರುವುದು ಹನ್ನೊಂದು. ಗೊಂಬೆಗೆ ಕತ್ತರಿಸಿ ಉಳಿದ ತೊಗಲಿನ ತುಂಡುಗಳಲ್ಲೇ ಮಾಡುತ್ತೇನೆ, ಖರ್ಚಿಲ್ಲ. ಮೊನ್ನೆ ಎರಡು ತೊಗಲು ನೆನೆಹಾಕಿದೆ, ಮಳೆ ಬಿಟ್ಟಿಲ್ಲ, ವೆಲ್ಡರನ ಶೆಡ್ಡು ಸೋರುತ್ತಿದೆ. ಭಾನುವಾರ ಬೆಳಿಗ್ಗೆ ಹತ್ತಕ್ಕೆ ನಿಗಡಿಗೆ ಬರುವವರು ಯಾರಾದರೂ ಇದ್ದರೆ ಬನ್ನಿ, ಕುರಿಗೆ ತೂತು ಕಡಿಮೆ, ಕಿವಿಗೆ ಎರಡು, ಕಣ್ಣಿಗೆ ಒಂದು.